ಲೆಮುರ್ ನೋಡಬೇಕಾ? ಮೊದಲು ಮರ ನೋಡುವುದನ್ನು ಕಲಿಯಿರಿ

ಮಡಗಾಸ್ಕರ್‌ಗೆ ಹೋಗುತ್ತಿದ್ದೇವೆ, ಲೆಮುರ್ ಎಲ್ಲಿ ಚೆನ್ನಾಗಿ ಕಾಣಿಸುತ್ತೆ ಅಂತ ಈಚೆಗೆ ಇಬ್ಬರು ಮೂವರು ಕೇಳಿದರು. ಲೆಮುರ್ ಅಂದರೆ ಮಂಗನ ದೂರದ ನೆಂಟ, ಹೆಚ್ಚಾಗಿ ಮರದ ಮೇಲೇ ಬದುಕುವ ಪ್ರಾಣಿ. ಜಾಗದ ಹೆಸರು ಹೇಳುವುದು ಸುಲಭ. ಆದರೆ ಅಲ್ಲಿಗೆ ಹೋಗಿ ನಿಂತ ಮೇಲೂ ಕಾಣಿಸಬೇಕಲ್ಲ. ಅಂದಾಸಿಬೆಯ ಕಾಡಿನಲ್ಲಿ ಮೊದಲ ದಿನ ಎರಡು ಗಂಟೆ ತಲೆ ಎತ್ತಿಕೊಂಡು ನಡೆದರೂ ನನಗೆ ಎಲೆ ಬಿಟ್ಟು ಬೇರೇನೂ ಕಾಣಲಿಲ್ಲ. ನಮ್ಮ ಗೈಡ್ ನಿಂತಲ್ಲೇ ನಿಂತು ಇಂದ್ರಿ ಅನ್ನುವ ಜಾತಿಯ ಮೂರು ಲೆಮುರ್‌ಗಳನ್ನು ತೋರಿಸಿದರು, ಅದೂ ನಾನು ಆಗಲೇ ದಾಟಿ ಬಂದಿದ್ದ ಮರದಲ್ಲಿ. ಜೊತೆಗಿದ್ದ ಸಾಗರದ ಚಿಕ್ಕಪ್ಪನಿಗೆ ಅರ್ಧ ದಿನದಲ್ಲೇ ಅದು ಕೈವಶವಾಯಿತು. ಜೀವಮಾನವೆಲ್ಲ ಅಡಿಕೆ ತೋಟದಲ್ಲಿ ಮೇಲೆ ನೋಡುತ್ತಾ ಓಡಾಡಿದವರು ಅವರು. ಕೊನೆ ಹಣ್ಣಾಯಿತಾ, ಮಂಗ ಬಂತಾ ಅಂತ ನೋಡಿ ನೋಡಿ ಕಣ್ಣು ಪಳಗಿದೆ. ಅವರಿಂದ ಮತ್ತು ಆ ಗೈಡ್‌ನಿಂದ ನಾನು ಕಲಿತದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಹೊರಡುವ ಮುಂಚೆ

ಮಡಗಾಸ್ಕರ್ ಚಿಕ್ಕ ದ್ವೀಪ ಅಂದುಕೊಂಡು ಪ್ಲಾನ್ ಮಾಡಬೇಡಿ. ನಮ್ಮ ಕರ್ನಾಟಕದ ಮೂರು ಪಟ್ಟು ದೊಡ್ಡದು, ರಸ್ತೆಗಳು ನಿಧಾನ. ಹತ್ತು ದಿನಕ್ಕೆ ಆರು ಜಾಗ ಅಂತ ಪಟ್ಟಿ ಮಾಡಿಕೊಂಡು ಹೋದವರು ಅರ್ಧ ರಜೆಯನ್ನು ವ್ಯಾನಿನ ಕಿಟಕಿಯಲ್ಲೇ ಕಳೆಯುತ್ತಾರೆ. ಎರಡು ಕಾಡು ಸಾಕು, ಒಂದೊಂದರಲ್ಲಿ ಮೂರು ರಾತ್ರಿ ಇರಿ. ಯಾಕೆ ಅಂದರೆ ಒಂದೇ ಕುಟುಂಬವನ್ನು ಎರಡನೇ ದಿನ ನೋಡುವಾಗ ಕಾಣಿಸುವುದು ಮೊದಲ ದಿನ ಕಾಣಿಸುವುದಿಲ್ಲ.

ಮೊದಲ ಸಲ ಹೋಗುವವರಿಗೆ ನಾನು ಹೇಳುವುದು ಅಂದಾಸಿಬೆ. ರಾಜಧಾನಿ ಅಂತನನರಿವೊದಿಂದ ಪೂರ್ವಕ್ಕೆ ಸುಮಾರು 150 ಕಿಲೋಮೀಟರ್. ಬಂದರಿಗೆ ಹೋಗುವ ಲಾರಿಗಳೆಲ್ಲ ಅದೇ ದಾರಿಯಲ್ಲಿ, ಹಾಗಾಗಿ ನಾಲ್ಕು ಗಂಟೆಗಿಂತ ಜಾಸ್ತಿಯೇ ಇಟ್ಟುಕೊಳ್ಳಿ. ಭಾರತದಿಂದ ಹೋಗುವವರು ಮಾರಿಷಸ್ ಅಥವಾ ಅಡಿಸ್ ಅಬಾಬಾ ಮೂಲಕ ಹೋಗಬಹುದು.

ಕಾಲ? ಸೆಪ್ಟೆಂಬರ್‌ನಿಂದ ನವೆಂಬರ್ ಒಳ್ಳೆಯದು. ಅಲ್ಲಿ ಜುಲೈ ಅಂದರೆ ಚಳಿಗಾಲ ಅನ್ನುವುದನ್ನು ಮರೆಯಬೇಡಿ. ಜನವರಿಯಿಂದ ಮಾರ್ಚ್‌ವರೆಗೆ ಚಂಡಮಾರುತದ ಕಾಲ, ದಾರಿಗಳೇ ಮುಚ್ಚಿಹೋಗುತ್ತವೆ. ಸೆಪ್ಟೆಂಬರ್ ಹೊತ್ತಿಗೆ ಕಾಡಿನಲ್ಲಿ ಹೊಸ ಚಿಗುರು ಶುರುವಾಗಿರುತ್ತೆ, ತುಂಬಾ ಜಾತಿಗಳಲ್ಲಿ ಮರಿಗಳೂ ಇರುತ್ತವೆ, ನಿದ್ದೆಗೆ ಹೋಗಿದ್ದವು ಒಂದೊಂದಾಗಿ ಏಳುತ್ತವೆ. ನಿದ್ದೆ ಅಂದಿದ್ದು ಮಾತಿಗಲ್ಲ. ದಪ್ಪ ಬಾಲದ ಕುಬ್ಜ ಲೆಮುರ್ ಅಂತ ಒಂದಿದೆ, ಮಳೆಗಾಲದಲ್ಲಿ ತಿಂದದ್ದನ್ನೆಲ್ಲ ಬಾಲದಲ್ಲಿ ಕೊಬ್ಬು ಮಾಡಿಕೊಂಡು ಮರದ ಪೊಟರೆಗೆ ಇಳಿದರೆ ಏಳು ತಿಂಗಳವರೆಗೂ ಹೊರಗೆ ಬರುವುದಿಲ್ಲ. ಜುಲೈನಲ್ಲಿ ಹೋಗಿ ಅದನ್ನು ತೋರಿಸಿ ಅಂದರೆ ಯಾವ ಗೈಡ್ ತಾನೇ ಎಲ್ಲಿಂದ ತೋರಿಸಿಯಾರು?

ಚೀಲದಲ್ಲಿ ಇರಬೇಕಾದ್ದು ಕಡಿಮೆಯೇ. ಒಂದು ಒಳ್ಳೆಯ ಬೈನಾಕ್ಯುಲರ್, ಅದಿಲ್ಲದೆ ದಯವಿಟ್ಟು ಹೋಗಬೇಡಿ. ತಲೆಗೆ ಕಟ್ಟುವ ಟಾರ್ಚ್, ಬೆಳಕು ಕಡಿಮೆ ಮಾಡಲು ಬರುವಂಥದ್ದು. ಜರ್ಕಿನ್. ಉದ್ದ ಕಾಲುಚೀಲ, ಪ್ಯಾಂಟನ್ನು ಅದರೊಳಗೆ ಸೇರಿಸಿ, ಮಳೆ ಬಂದ ಮೇಲೆ ಅಲ್ಲೂ ಉಂಬಳ ಇದೆ. ಮಲೆನಾಡಿನವರಿಗೆ ಇದನ್ನು ವಿವರಿಸಬೇಕಿಲ್ಲ. ಮಲೇರಿಯಾ ಮಾತ್ರೆಯ ವಿಚಾರ ಹೊರಡುವ ಮುಂಚೆಯೇ ಡಾಕ್ಟರ್ ಹತ್ತಿರ ಕೇಳಿಕೊಳ್ಳಿ. ಊಟದ ಚಿಂತೆ ಬೇಡ, ಅವರದ್ದು ಮೂರು ಹೊತ್ತೂ ಅನ್ನ. ತಳ ಹಿಡಿದ ಅನ್ನದ ಪಾತ್ರೆಗೇ ನೀರು ಹಾಕಿ ಕುದಿಸಿ ಕುಡಿಯಲು ಕೊಡುತ್ತಾರೆ, ಚಿಕ್ಕಪ್ಪ ದಿನಕ್ಕೆ ನಾಲ್ಕು ಲೋಟ ಕುಡಿಯುತ್ತಿದ್ದರು.

ಬೆಳಿಗ್ಗೆ ಮೊದಲು ಕಿವಿ

ಇಂದ್ರಿ ಈಗ ಬದುಕಿರುವ ಲೆಮುರ್‌ಗಳಲ್ಲೇ ದೊಡ್ಡದು, ಒಂಬತ್ತು ಕಿಲೋವರೆಗೂ ತೂಗುತ್ತೆ. ಕಪ್ಪು ಬಿಳುಪು ಮೈ, ಗುಂಡು ಕಿವಿ, ಬಾಲ ಇದೆಯೋ ಇಲ್ಲವೋ ಅನ್ನುವಷ್ಟು ಮೋಟು. ಝೂಗಳಲ್ಲಿ ಇದನ್ನು ಸಾಕಲು ಆಗಿಲ್ಲ, ಅಲ್ಲಿ ಅವು ಬದುಕಿ ಉಳಿಯುವುದಿಲ್ಲ. ನೋಡಬೇಕು ಅಂದರೆ ಆ ಕಾಡಿಗೇ ಹೋಗಬೇಕು.

ಅದು ಬೇಗ ಏಳುವ ಪ್ರಾಣಿ ಅಲ್ಲ. ಏಳು ಗಂಟೆ ಹೊತ್ತಿಗೆ ಕಾಡಿನೊಳಗೆ ಇದ್ದರೆ ಸಾಕು, ಆದರೆ ಒಳಗೆ ಹೋಗಿ ನಿಂತುಬಿಡಿ. ನಡೆಯಬೇಡಿ. ಒಣ ಎಲೆಯ ಮೇಲೆ ನಿಮ್ಮದೇ ಕಾಲಿನ ಸದ್ದು ಬೇರೆಲ್ಲವನ್ನೂ ಮುಚ್ಚಿಹಾಕುತ್ತೆ. ಆಮೇಲೆ ಹಾಡು ಶುರುವಾಗುತ್ತೆ. ಮೊದಲು ಒರಟು ಗರ್ಜನೆ ಕೇಳುತ್ತೆ, ಅದಾದ ಮೇಲೆ ಉದ್ದುದ್ದ ಕೂಗು. ಮೇಲಿನ ಸ್ವರದಲ್ಲಿ ಹಿಡಿದು ಮೆಲ್ಲಗೆ ಕೆಳಕ್ಕೆ ಜಾರಿಸುತ್ತಾ ಹೋಗುತ್ತೆ, ಒಂದು ನಿಲ್ಲಿಸುವ ಮುಂಚೆ ಇನ್ನೊಂದು ಎತ್ತಿಕೊಳ್ಳುತ್ತೆ, ಅಪ್ಪ ಅಮ್ಮ ದೊಡ್ಡ ಮಕ್ಕಳು ಎಲ್ಲ ಸೇರಿ. ಎರಡು ಕಿಲೋಮೀಟರ್ ದೂರಕ್ಕೂ ಕೇಳುತ್ತೆ. ಇವು ಹಾಡುವಾಗ ಸ್ವರಗಳ ನಡುವೆ ಬಿಡುವ ಅಂತರದಲ್ಲಿ ಮನುಷ್ಯರ ಸಂಗೀತದಲ್ಲಿರುವಂಥ ಲಯ ಇದೆ ಅಂತ 2021ರಲ್ಲಿ ವಿಜ್ಞಾನಿಗಳು ತೋರಿಸಿದ್ದಾರೆ. ಅದನ್ನು ಓದಿಕೊಂಡೇ ಹೋಗಿದ್ದೆ, ಆದರೂ ತಲೆಯ ಮೇಲೇ ಅದು ಕೇಳಿಸಿದಾಗ ಎದೆಯೊಳಗೆ ಏನೋ ಆಗುತ್ತೆ, ಅದಕ್ಕೆ ನೀವು ಸಿದ್ಧರಾಗಿರಲು ಸಾಧ್ಯವಿಲ್ಲ.

ಹಾಡು ಕೇಳಿದ ತಕ್ಷಣ ಓಡಬೇಡಿ. ದಿಕ್ಕು ನೋಡಿಕೊಳ್ಳಿ, ಉತ್ತರ ಎಲ್ಲಿಂದ ಬಂತು ಅಂತ ಕೇಳಿಸಿಕೊಳ್ಳಿ. ಒಂದು ಕುಟುಂಬ ಹಾಡಿದರೆ ಪಕ್ಕದ ಗುಡ್ಡದ ಕುಟುಂಬ ತನ್ನ ಜಾಗ ಇದು ಅಂತ ಸಾರುತ್ತೆ, ಅದಕ್ಕೆ ಇನ್ನೊಂದು. ಹತ್ತಿರದ ಕುಟುಂಬ ಯಾವುದು ಅನ್ನುವುದು ಎರಡು ಮೂರು ನಿಮಿಷ ಕೇಳಿದರೆ ತಾನಾಗಿ ಗೊತ್ತಾಗುತ್ತೆ. ಗೈಡ್‌ಗೆ ಅಂತೂ ಯಾವ ಕುಟುಂಬ ಯಾವ ಇಳಿಜಾರಿನದ್ದು ಅಂತ ಬಾಯಿಪಾಠ ಆಗಿರುತ್ತೆ. ಹನ್ನೊಂದು ಗಂಟೆ ಆದ ಮೇಲೆ ಹಾಡು ಕಡಿಮೆ, ಮಧ್ಯಾಹ್ನ ಮೂರು ನಾಲ್ಕಕ್ಕೇ ಮಲಗುವ ಮರ ಹುಡುಕಿಕೊಳ್ಳುತ್ತವೆ. ಹಾಗಾಗಿ ತಿಂಡಿ ಮುಗಿಸಿ ಹತ್ತು ಗಂಟೆಗೆ ಹೋಗೋಣ ಅನ್ನುವವರ ಜೊತೆ ಸೇರಬೇಡಿ.

ಮರ ಓದುವ ರೀತಿ

ನಾವು ಮಂಗ ನೋಡಿ ಬೆಳೆದವರು. ಮಂಗ ಅಂದರೆ ಅಡ್ಡ ಕೊಂಬೆಯ ಮೇಲೆ ಕೂತಿರುತ್ತೆ, ಬಾಲ ಇಳಿಬಿಟ್ಟಿರುತ್ತೆ ಅಂತ ಕಣ್ಣು ಅಡ್ಡ ಕೊಂಬೆಗಳನ್ನೇ ಹುಡುಕುತ್ತೆ. ನನಗೆ ಎರಡು ಗಂಟೆ ಏನೂ ಕಾಣದಿದ್ದದ್ದು ಇದಕ್ಕೇ. ಇಂದ್ರಿ, ಅದರ ಹತ್ತಿರದ ನೆಂಟ ಸಿಫಾಕಾ ಇವೆಲ್ಲ ನೇರ ಕಾಂಡವನ್ನು ತಬ್ಬಿ ಕೂರುವಂಥವು. ಕಾಂಡ ಕವಲೊಡೆಯುವ ಜಾಗದಲ್ಲಿ ಕುಂಡೆ ಊರಿ, ಕೈಕಾಲಿನಲ್ಲಿ ಮರ ಹಿಡಿದು, ಮೊಣಕಾಲು ಎದೆಗೆ ಮಡಚಿ ಕೂತರೆ ಅದು ಮರದ ಗಂಟಿನ ಹಾಗೆ ಕಾಣುತ್ತೆ. ಅಲ್ಲಿಂದ ಹಿಂಗಾಲಿನಲ್ಲಿ ಒದ್ದು ಹಿಂದಕ್ಕೆ ಹಾರಿ, ಗಾಳಿಯಲ್ಲೇ ತಿರುಗಿ, ಹತ್ತು ಮೀಟರ್ ಆಚೆಯ ಇನ್ನೊಂದು ಕಾಂಡಕ್ಕೆ ಧಪ್ ಅಂತ ಅಂಟಿಕೊಳ್ಳುತ್ತೆ. ಆ ಧಪ್ ಸದ್ದನ್ನು ನೆನಪಿಟ್ಟುಕೊಳ್ಳಿ. ಒಂದು ಸಲ ಕೇಳಿದರೆ ಇಂದ್ರಿ ಹೊರಟಿತು ಅಂತ, ಸಾಲಾಗಿ ಮೂರ್ನಾಲ್ಕು ಕೇಳಿದರೆ ಕುಟುಂಬವೇ ಹೊರಟಿತು ಅಂತ.

ಆದ್ದರಿಂದ ಕಣ್ಣನ್ನು ಕಾಂಡದ ಬುಡದಿಂದ ಮೇಲಕ್ಕೆ ಹತ್ತಿಸಿ, ಪ್ರತಿ ಕವಲಿನಲ್ಲೂ ಒಂದು ಕ್ಷಣ ನಿಲ್ಲಿಸಿ. ಒಂದು ಮರ ಮುಗಿದ ಮೇಲೆ ಇನ್ನೊಂದು.

ಎರಡನೆಯದು ಕೊಂಬೆಯ ಅಲುಗಾಟ. ಇದು ಚಿಕ್ಕಪ್ಪನ ವಿದ್ಯೆ. ಗಾಳಿಗೆ ಅಲ್ಲಾಡುವ ಕೊಂಬೆಯೇ ಬೇರೆ, ಭಾರ ಬಿಟ್ಟ ಕೊಂಬೆಯೇ ಬೇರೆ. ಗಾಳಿ ಬಂದರೆ ಅಕ್ಕಪಕ್ಕದ ಎಲೆಗಳೆಲ್ಲ ಒಟ್ಟಿಗೆ ಆಡುತ್ತವೆ. ಪ್ರಾಣಿ ಹಾರಿದರೆ ಒಂದೇ ಕೊಂಬೆ ಚಿಮ್ಮಿ ಮೇಲೇಳುತ್ತೆ, ಎರಡು ಮೂರು ಸಲ ತೂಗಿ ನಿಲ್ಲುತ್ತೆ, ಸುತ್ತ ಎಲ್ಲ ಸುಮ್ಮನೆ ಇರುತ್ತೆ. ನಾನು ಬೈನಾಕ್ಯುಲರ್ ಇಳಿಸಿ ಮುಂದೆ ಹೊರಟಿದ್ದೆ, ಅವರು ತೋಳು ಹಿಡಿದು, "ಅದು ಗಾಳಿ ಅಲ್ದೋ ಮಾಣಿ" ಅಂದರು. ನೋಡಿದರೆ ಕಂದು ಲೆಮುರ್‌ಗಳ ಒಂದು ಗುಂಪು. ಇವು ಇಂದ್ರಿಯ ಹಾಗಲ್ಲ, ಅಡ್ಡ ಕೊಂಬೆಯ ಮೇಲೆ ನಾಲ್ಕು ಕಾಲಿನಲ್ಲಿ ಬೆಕ್ಕಿನ ಥರ ಓಡುತ್ತವೆ, ಹಂದಿ ಗುರುಗುಟ್ಟಿದ ಹಾಗೆ ಸದ್ದು ಮಾಡುತ್ತಾ. ಹಗಲು ರಾತ್ರಿ ಅಂತ ಭೇದವಿಲ್ಲ, ಎರಡೂ ಹೊತ್ತು ಎಚ್ಚರ ಇರುತ್ತವೆ.

ಮೂರನೆಯದು ನೆಲ. ಮೇಲೆ ನೋಡಬೇಕು ಅಂತ ಹೇಳಿ ಈಗ ನೆಲ ಅನ್ನುತ್ತಿದ್ದೇನೆ, ಆದರೆ ಕಾಲುದಾರಿಯ ಮೇಲೆ ಅರ್ಧ ಕಚ್ಚಿದ ಹಸಿ ಎಲೆ, ಹಣ್ಣಿನ ಸಿಪ್ಪೆ, ಹೊಸ ಹಿಕ್ಕೆ ಬಿದ್ದಿದ್ದರೆ ಅಲ್ಲೇ ನಿಲ್ಲಿ. ಎಲೆಯ ಕಚ್ಚಿದ ಅಂಚು ಇನ್ನೂ ಬಾಡಿಲ್ಲ ಅಂದರೆ ಮೇಲೆ ಯಾರೋ ಊಟ ಮಾಡುತ್ತಿದ್ದಾರೆ. ಇಂದ್ರಿ ಆಗೀಗ ಮಣ್ಣು ತಿನ್ನಲು ನೆಲಕ್ಕೆ ಇಳಿಯುವುದೂ ಉಂಟು.

ಎತ್ತರವನ್ನೂ ಗಮನಿಸಿ. ಬಿದಿರು ಲೆಮುರ್ ಬೇಕಾದರೆ ಮರದ ತಲೆ ನೋಡಿ ಪ್ರಯೋಜನವಿಲ್ಲ, ಬಿದಿರು ಮೆಳೆಯಲ್ಲಿ ನಿಮ್ಮ ತಲೆಗಿಂತ ಸ್ವಲ್ಪ ಮೇಲೆ ಹುಡುಕಿ. ಮೆಳೆಯ ಒಳಗೆ ಕಟ್ ಕಟ್ ಅಂತ ಸೀಳುವ ಸದ್ದು ಕೇಳಿಸಿದರೆ ಅದೇ.

ಕಂಡಿತು ಅಂದುಕೊಳ್ಳಿ. ಈಗ ಮುಖ ನೋಡಿ. ಮೂಗು ನಾಯಿಯದ್ದರ ಹಾಗೆ ಒದ್ದೆ. ಒಂದರ ತುಪ್ಪಳವನ್ನು ಇನ್ನೊಂದು ಬಾಚುತ್ತಿದ್ದರೆ ಅದು ಕೈಯಲ್ಲಲ್ಲ, ಹಲ್ಲಿನಲ್ಲಿ. ಕೆಳಗಿನ ಮುಂಹಲ್ಲುಗಳು ಮುಂದಕ್ಕೆ ಚಾಚಿ ಬಾಚಣಿಗೆ ಆಗಿವೆ. ಹಿಂಗಾಲಿನ ಎರಡನೇ ಬೆರಳಿನಲ್ಲಿ ಮಾತ್ರ ಕೆರೆದುಕೊಳ್ಳಲು ಒಂದು ಉಗುರು ಉದ್ದ. ಒಳ್ಳೆಯ ಚಿಗುರಿರುವ ಕೊಂಬೆಗೆ ಯಾರು ಮೊದಲು ಹೋಗುತ್ತಾರೆ ನೋಡಿ, ಹೆಚ್ಚಾಗಿ ಹೆಣ್ಣು. ಗಂಡು ಜಾಗ ಬಿಟ್ಟು ಪಕ್ಕಕ್ಕೆ ಸರಿಯುತ್ತೆ, ಇಲ್ಲದಿದ್ದರೆ ಏಟು ತಿನ್ನುತ್ತೆ. ಲೆಮುರ್ ಕುಟುಂಬಗಳಲ್ಲಿ ಬಹುಪಾಲು ಯಜಮಾನಿಕೆ ಹೆಣ್ಣಿನದ್ದೇ.

ಫೋಟೋದ ಬಗ್ಗೆ ಒಂದೇ ಮಾತು. ಮೇಲೆ ಬೆಳ್ಳಗಿನ ಆಕಾಶ ಇರುವುದರಿಂದ ಪ್ರಾಣಿ ಕಪ್ಪು ಮುದ್ದೆಯಾಗಿ ಬರುತ್ತೆ, ಎಕ್ಸ್‌ಪೋಶರ್ ಸ್ವಲ್ಪ ಏರಿಸಿಕೊಳ್ಳಿ. ಫ್ಲಾಶ್ ಬೇಡ.

ರಾತ್ರಿ

ರಾಷ್ಟ್ರೀಯ ಉದ್ಯಾನದ ಒಳಗೆ ರಾತ್ರಿ ನಡಿಗೆಗೆ ಬಿಡುವುದಿಲ್ಲ. ಕಾಡಿನ ಅಂಚಿನ ರಸ್ತೆಯಲ್ಲಿ ಅಥವಾ ಊರಿನವರ ಸಂಘಗಳು ನೋಡಿಕೊಳ್ಳುವ ಕಾಡಿನಲ್ಲಿ ಕರೆದುಕೊಂಡು ಹೋಗುತ್ತಾರೆ. ಅಂದಾಸಿಬೆಯಲ್ಲಿ ಮಿತ್ಸಿಂಜೊ ಅನ್ನುವ ಸ್ಥಳೀಯ ಸಂಘ ಇದೆ, ಮರ ನೆಡುವ ಕೆಲಸವನ್ನೂ ಮಾಡುತ್ತಾರೆ, ಅಂಥವರ ಜೊತೆ ಹೋದರೆ ದುಡ್ಡು ಸರಿಯಾದ ಕೈ ಸೇರುತ್ತೆ.

ಟಾರ್ಚ್ ಹಿಡಿಯುವುದರಲ್ಲೇ ಗುಟ್ಟು ಇರುವುದು. ಸೊಂಟದ ಹತ್ತಿರ ಹಿಡಿದರೆ ಏನೂ ಕಾಣದು. ಕಣ್ಣಿನ ಪಕ್ಕಕ್ಕೇ, ಕೆನ್ನೆಗೆ ಒತ್ತಿಕೊಂಡ ಹಾಗೆ ಹಿಡಿಯಿರಿ. ಈ ಪ್ರಾಣಿಗಳ ಕಣ್ಣಿನ ಹಿಂದೆ ಕನ್ನಡಿಯಂಥ ಪದರ ಇದೆ, ಬೆಳಕು ಬಂದ ದಾರಿಯಲ್ಲೇ ವಾಪಸ್ ಹೋಗುತ್ತೆ, ಆ ದಾರಿಯಲ್ಲಿ ನಿಮ್ಮ ಕಣ್ಣು ಇರಬೇಕು. ನಿಧಾನವಾಗಿ ಬೆಳಕು ಆಡಿಸುತ್ತಾ ಹೋದರೆ ಎಲೆಗಳ ನಡುವೆ ಕಿತ್ತಳೆ ಬಣ್ಣದ ಎರಡು ಕಿಡಿ ಹೊತ್ತಿಕೊಳ್ಳುತ್ತವೆ. ಒಂದೇ ಕಿಡಿ ಕಂಡರೆ ಜೇಡವೋ ಪತಂಗವೋ ಇರಬಹುದು, ಎರಡು ಇದ್ದು ಜೊತೆಗೇ ಚಲಿಸಿದರೆ ಲೆಮುರ್.

ದೊಡ್ಡ ಮರ ನೋಡುತ್ತಾ ಹೋಗಬೇಡಿ. ಇಲಿ ಲೆಮುರ್ ಇರುವುದು ಬೆರಳು ದಪ್ಪದ ಕಡ್ಡಿಗಳ ಪೊದೆಯಲ್ಲಿ, ಎಷ್ಟೋ ಸಲ ನಿಮ್ಮ ಕಣ್ಣಿನ ಎತ್ತರಕ್ಕೇ. ಪಶ್ಚಿಮದ ಒಣ ಕಾಡು ಕಿರಿಂದಿಯಲ್ಲಿ ಇದರ ಒಂದು ಜಾತಿ ಇದೆ, ಬರೀ 30 ಗ್ರಾಂ, ಒಂದು ಗುಬ್ಬಚ್ಚಿಯ ತೂಕ. ಮನುಷ್ಯ, ಮಂಗ, ಗೊರಿಲ್ಲಾ ಎಲ್ಲ ಸೇರಿದ ಇಡೀ ಪಂಗಡದಲ್ಲಿ ಅದಕ್ಕಿಂತ ಚಿಕ್ಕದು ಇಲ್ಲ. ನಾನು ನೋಡಿದ್ದು ಅಂದಾಸಿಬೆಯದ್ದು, ಅದಕ್ಕಿಂತ ಸ್ವಲ್ಪ ದೊಡ್ಡದು. ನನ್ನ ಕೈಗೆಟಕುವಷ್ಟು ಹತ್ತಿರದಲ್ಲಿ ಒಂದು ಹೂವಿನ ಗೊಂಚಲು ಹಿಡಿದು ನೆಕ್ಕುತ್ತಿತ್ತು. ಕಡ್ಡಿಯನ್ನು ಸುತ್ತಿದ ಐದು ಬೆರಳು, ಪ್ರತಿ ಬೆರಳ ತುದಿಯಲ್ಲೂ ಪುಟ್ಟ ಉಬ್ಬು, ಉಸಿರಿಗೆ ಇಡೀ ಮೈ ಏರಿಳಿಯುತ್ತಿತ್ತು.

ಹತ್ತು ಹದಿನೈದು ಸೆಕೆಂಡ್ ಆದ ಮೇಲೆ ಬೆಳಕನ್ನು ಪಕ್ಕಕ್ಕೆ ತಿರುಗಿಸಿ. ಆ ಕಣ್ಣುಗಳು ನಕ್ಷತ್ರದ ಬೆಳಕಿಗೆ ಮಾಡಿದಂಥವು. ಆರು ಜನ ಆರು ಟಾರ್ಚ್ ಬಿಟ್ಟುಕೊಂಡು ನಿಂತರೆ ಅದಕ್ಕೆ ದಾರಿಯೇ ಕಾಣುವುದಿಲ್ಲ. ಟಾರ್ಚಿಗೆ ಕೆಂಪು ಜಿಲಾಟಿನ್ ಕಾಗದ ಕಟ್ಟಿಕೊಂಡರೆ ಇನ್ನೂ ಒಳ್ಳೆಯದು.

ಇದನ್ನು ಊರಲ್ಲೇ ಅಭ್ಯಾಸ ಮಾಡಿಕೊಂಡು ಹೋಗಬಹುದು. ನಮ್ಮ ಕಾಡುಪಾಪ ಲೆಮುರ್‌ಗೆ ಹತ್ತಿರದ ನೆಂಟ. ಎಷ್ಟು ಹತ್ತಿರ ಅಂದರೆ 1758ರಲ್ಲಿ ಲಿನೇಯಸ್ ಪ್ರಾಣಿಗಳಿಗೆ ಹೆಸರಿಡುವಾಗ ಸಿಂಹಳದ ಕಾಡುಪಾಪವನ್ನೂ ಲೆಮುರ್ ಅಂತಲೇ ಕರೆದಿದ್ದ. ರೋಮನ್ನರ ಭಾಷೆಯಲ್ಲಿ ಆ ಪದಕ್ಕೆ ರಾತ್ರಿ ಅಲೆಯುವ ಪ್ರೇತ ಅಂತ ಅರ್ಥ. ತುಮಕೂರು ಕಡೆ ಕಾಡುಪಾಪ ಇವೆ, ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಮರಗಳಲ್ಲೂ ಇವೆ. ಅದನ್ನು ಬಲ್ಲವರ ಜೊತೆ, ಕೆಂಪು ಬೆಳಕಿನಲ್ಲಿ, ಒಂದು ರಾತ್ರಿ ಹೋಗಿ ಬನ್ನಿ. ಕಣ್ಣಿನ ಹೊಳಪು ಹಿಡಿಯುವುದು ಬಂದುಬಿಟ್ಟರೆ ಮಡಗಾಸ್ಕರ್‌ನಲ್ಲಿ ಒಂದು ರಾತ್ರಿ ಉಳಿಯಿತು.

ಮಲ್ಪೆಯ ಸೇಂಟ್ ಮೇರೀಸ್ ದ್ವೀಪದ ಕಂಬದಂಥ ಕಲ್ಲುಗಳನ್ನು ನೋಡಿದ್ದೀರಲ್ವಾ? ಸುಮಾರು 8 ಕೋಟಿ 80 ಲಕ್ಷ ವರ್ಷದ ಹಿಂದೆ ಮಡಗಾಸ್ಕರ್ ಮತ್ತು ನಮ್ಮ ನೆಲ ಬೇರೆಯಾಗುವಾಗ ಉಕ್ಕಿದ ಲಾವಾ ಅದು. ಲೆಮುರ್‌ಗಳ ಪೂರ್ವಜರು ಅಲ್ಲಿಗೆ ಬಂದದ್ದು ಅದಾದ ಎಷ್ಟೋ ಕಾಲಕ್ಕೆ, ಬಹುಶಃ ಆಫ್ರಿಕಾದಿಂದ, ನದಿ ಕೊಚ್ಚಿ ತಂದ ಮರಗಳ ರಾಶಿಯ ಮೇಲೆ ತೇಲಿಕೊಂಡು. ಅಲ್ಲಿ ಮಂಗಗಳು ಇರಲೇ ಇಲ್ಲ, ಇಡೀ ದ್ವೀಪದ ಮರಗಳೆಲ್ಲ ಇವರದ್ದಾಯಿತು.

ಎರಡನೇ ಕಾಡು ಯಾವುದು?

ನನ್ನನ್ನು ಕೇಳಿದರೆ ರನೊಮಾಫನಾ. ಹೆಸರಿನ ಅರ್ಥ ಬಿಸಿನೀರು, ಅಲ್ಲಿ ಬಿಸಿನೀರಿನ ಬುಗ್ಗೆ ಇದೆ. ರಾಜಧಾನಿಯಿಂದ ಇಡೀ ದಿನದ ದಾರಿ. ಕಾಡಿನೊಳಗಿನ ಕಾಲುದಾರಿ ಬರೀ ಇಳಿಜಾರು, ಮೊಣಕಾಲು ನೋವಿರುವವರು ಕೋಲು ತೆಗೆದುಕೊಳ್ಳಿ. ಚಿನ್ನದ ಬಣ್ಣದ ಬಿದಿರು ಲೆಮುರ್ 1986ರಲ್ಲಿ ಇಲ್ಲೇ ಸಿಕ್ಕಿದ್ದು. ಆ ಹುಡುಕಾಟದಲ್ಲಿದ್ದ ವಿಜ್ಞಾನಿ ಪೆಟ್ರೀಷಿಯಾ ರೈಟ್ ಆಮೇಲೆ ಈ ಕಾಡನ್ನು ಉಳಿಸಲು ಓಡಾಡಿದರು, 1991ರಲ್ಲಿ ರಾಷ್ಟ್ರೀಯ ಉದ್ಯಾನ ಆಯಿತು. ಕಳಲೆ ಪಲ್ಯ ಮಾಡುವ ಮನೆಯವರಿಗೆ ಈ ಪ್ರಾಣಿ ತುಂಬಾ ಇಷ್ಟವಾಗುತ್ತೆ. ನಮ್ಮಲ್ಲಿ ಕಳಲೆಯನ್ನು ಹೆಚ್ಚಿ, ದಿನವೂ ನೀರು ಬದಲಿಸಿ ನೆನೆಹಾಕಿ, ಆ ಮೇಲಷ್ಟೇ ಒಲೆ ಮೇಲೆ ಇಡುತ್ತೇವೆ, ವಿಷ ಹೋಗಲಿ ಅಂತ. ಆ ವಿಷ ಸಯನೈಡ್. ಈ ಲೆಮುರ್ ಅಂಥದ್ದೇ ಬಿದಿರನ್ನು ಹಸಿಹಸಿಯಾಗಿ ದಿನಕ್ಕೆ ಅರ್ಧ ಕಿಲೋ ತಿನ್ನುತ್ತೆ. ಅದರ ಗಾತ್ರದ ಬೇರೆ ಪ್ರಾಣಿ ಸಾಯಲು ಬೇಕಾದ್ದಕ್ಕಿಂತ ಹನ್ನೆರಡು ಪಟ್ಟು ಜಾಸ್ತಿ ಸಯನೈಡ್ ಅದರಲ್ಲಿ ಇರುತ್ತೆ. ಹೊಟ್ಟೆಯೊಳಗೆ ಅದೇನು ಮಾಡಿಕೊಳ್ಳುತ್ತೋ!

ಉಂಗುರ ಬಾಲದ ಲೆಮುರನ್ನೇ ನೋಡಬೇಕು ಅನ್ನುವ ಮಕ್ಕಳಿದ್ದರೆ ಅಂಬಲವಾವು ಹತ್ತಿರದ ಅಂಜಾಕ್ಕೆ ಹೋಗಿ. ಸುಮಾರು 30 ಹೆಕ್ಟೇರ್‌ನ ಚಿಕ್ಕ ಕಾಡು, ಊರಿನವರೇ ನೋಡಿಕೊಳ್ಳುವುದು. ಬೆಳಿಗ್ಗೆ ಬಿಸಿಲು ಬಂದ ತಕ್ಷಣ ಬಂಡೆಗಳ ಮೇಲೆ ಹೊಟ್ಟೆ ಬಿಸಿಲಿಗೆ ಒಡ್ಡಿ, ಕೈಗಳನ್ನು ಮೊಣಕಾಲ ಮೇಲೆ ಇಟ್ಟುಕೊಂಡು ಕೂರುತ್ತವೆ. ಮರದಷ್ಟೇ ನೆಲದಲ್ಲೂ ಓಡಾಡುವುದರಿಂದ ಇವನ್ನು ಹುಡುಕುವ ಕಷ್ಟವೇ ಇಲ್ಲ. ಗಂಡುಗಳು ಮಣಿಕಟ್ಟಿನ ಗ್ರಂಥಿಯ ವಾಸನೆಯನ್ನು ಬಾಲಕ್ಕೆ ಉಜ್ಜಿ ಎದುರಾಳಿಯ ಕಡೆ ಬೀಸುವುದನ್ನು ನೋಡಲು ಸಿಕ್ಕರೆ ಅದೃಷ್ಟ.

ಮಾಡಬಾರದ್ದು

ಹೆಗಲ ಮೇಲೆ ಲೆಮುರ್ ಕೂರಿಸಿ ಫೋಟೋ ತೆಗೆಸುತ್ತೇವೆ ಅನ್ನುವ ಜಾಗಕ್ಕೆ ಹೋಗಬೇಡಿ. ನಾವು ಊಟಕ್ಕೆ ಇಳಿದಿದ್ದ ಒಂದು ಹೋಟೆಲಿನಲ್ಲಿ ಸೊಂಟಕ್ಕೆ ಹಗ್ಗ ಕಟ್ಟಿದ ಒಂದನ್ನು ಕಂಬಕ್ಕೆ ಬಿಗಿದಿದ್ದರು, ಬರುವವರೆಲ್ಲ ಬಾಳೆಹಣ್ಣು ಕೊಡುತ್ತಿದ್ದರು. ಅದು ಹಗ್ಗದ ಉದ್ದಕ್ಕೆ ಆ ಕಡೆ ಈ ಕಡೆ ನಡೆಯುತ್ತಲೇ ಇತ್ತು. ಹಾಗೆ ಕಟ್ಟಿದ್ದು ತಾಯಿಯಿಂದ ಕಿತ್ತು ತಂದ ಮರಿಯೇ ಆಗಿರುತ್ತೆ. ನಾವು ಊಟ ಮಾಡದೆ ಎದ್ದು ಬಂದೆವು. ಕಾರಣ ಕೇಳಿದರು, ಹೇಳಿದೆವು. ನೀವೂ ಹೇಳಿ, ಯಾಕೆಂದರೆ ಪ್ರವಾಸಿಗರಿಗೆ ಇಷ್ಟ ಅಂತಲೇ ಅವರು ಕಟ್ಟಿರುವುದು.

ಕಾಡಿನಲ್ಲೂ ತಿನ್ನಲು ಕೊಡಬೇಡಿ, ಮುಟ್ಟಬೇಡಿ, ರೆಕಾರ್ಡ್ ಮಾಡಿದ ಹಾಡನ್ನು ಫೋನಿನಲ್ಲಿ ಹಾಕಿ ಇಂದ್ರಿಯನ್ನು ಕರೆಯಿಸಿ ಅಂತ ಗೈಡ್‌ಗೆ ಒತ್ತಾಯ ಮಾಡಬೇಡಿ. ಬೇರೆ ಕುಟುಂಬ ತಮ್ಮ ಜಾಗಕ್ಕೆ ನುಗ್ಗಿತು ಅಂತ ಅವು ಗಾಬರಿಯಾಗಿ ಬರುವುದು.

ಊರಿನವರ ನಂಬಿಕೆಗಳನ್ನು ಕೇಳಿ ತಿಳಿದುಕೊಳ್ಳಿ. ನಿಷೇಧಕ್ಕೆ ಅಲ್ಲಿ ಫಾದಿ ಅನ್ನುತ್ತಾರೆ, ಪ್ರತಿ ಊರಿಗೂ ಬೇರೆ ಬೇರೆ. ಇಂದ್ರಿಗೆ ಅವರ ಹೆಸರು ಬಾಬಾಕುತು. ಜೇನು ಕೀಳಲು ಮರ ಹತ್ತಿ ಸಿಕ್ಕಿಹಾಕಿಕೊಂಡವನನ್ನು ಇಂದ್ರಿ ಕಾಪಾಡಿ ಕೆಳಗಿಳಿಸಿತು ಅಂತ ಕಥೆ ಇದೆ, ಅದಕ್ಕೇ ಅದನ್ನು ಕೊಲ್ಲುವುದು ಫಾದಿ. ಆಯ್-ಆಯ್ ಅನ್ನುವ ಇನ್ನೊಂದು ಲೆಮುರ್‌ಗೆ ಈ ಭಾಗ್ಯವಿಲ್ಲ. ಕಡ್ಡಿಯಂಥ ನಡುಬೆರಳಿನಿಂದ ಕಾಂಡ ತಟ್ಟಿ, ಒಳಗೆ ಹುಳ ಇರುವ ಪೊಳ್ಳು ಎಲ್ಲಿದೆ ಅಂತ ಕಿವಿಗೊಟ್ಟು ಕೇಳುವ ಆ ಬಡಪಾಯಿಯನ್ನು ಎಷ್ಟೋ ಕಡೆ ಸಾವಿನ ಶಕುನ ಅಂತ ಕೊಲ್ಲುತ್ತಾರೆ.

ದಾರಿಯಲ್ಲಿ ಸುಟ್ಟ ಗುಡ್ಡಗಳು, ಇದ್ದಿಲಿನ ಮೂಟೆಗಳ ಸಾಲು ಕಾಣಿಸುತ್ತವೆ. ಅಲ್ಲಿಯ ಜನರನ್ನು ಬೈಯುವ ಮುಂಚೆ ನಮ್ಮ ಘಟ್ಟದ ಕುಮರಿ ಬೇಸಾಯವನ್ನು ನೆನೆಯಿರಿ, ಅವರದ್ದೂ ಅದೇ, ಕಾಡು ಕಡಿದು ಸುಟ್ಟು ಬೂದಿಯ ಮೇಲೆ ಭತ್ತ ಬಿತ್ತುವುದು. ಹೊಟ್ಟೆಪಾಡು. ಆದರೆ ಇಂದ್ರಿಗೆ ಬಯಲು ದಾಟಲು ಬರುವುದಿಲ್ಲ, ಕಾಡು ತುಂಡಾದರೆ ಆ ತುಂಡಿನಲ್ಲೇ ಸಿಕ್ಕಿಬೀಳುತ್ತೆ. 2020ರ ಲೆಕ್ಕದಲ್ಲಿ ಲೆಮುರ್‌ಗಳ 107 ಜಾತಿಗಳಲ್ಲಿ 103 ಅಪಾಯದಲ್ಲಿವೆ, 33 ಅಳಿವಿನ ಅಂಚಿನಲ್ಲೇ ಇವೆ. ಸ್ಥಳೀಯ ಗೈಡ್‌ಗೆ ಒಳ್ಳೆಯ ದುಡ್ಡು ಕೊಡಿ, ಚೌಕಾಸಿ ಮಾಡಬೇಡಿ. ನಿಂತಿರುವ ಮರದಿಂದಲೂ ಸಂಸಾರ ನಡೆಯುತ್ತೆ ಅನ್ನುವುದು ಆ ಊರಿಗೆ ಕಾಣಬೇಕು. ನಗದು ಅರಿಯಾರಿ ನೋಟು ಜೊತೆಗಿರಲಿ, ಕಾಡಿನಂಚಿನಲ್ಲಿ ಕಾರ್ಡ್ ನಡೆಯುವುದಿಲ್ಲ.

ಹೊರಡುವ ದಿನದ ಬೆಳಿಗ್ಗೆಯನ್ನು ಖಾಲಿ ಇಟ್ಟುಕೊಳ್ಳಿ. ಕ್ಯಾಮೆರಾ ರೂಮಿನಲ್ಲೇ ಇರಲಿ. ಮೊದಲ ದಿನ ನೋಡಿದ ಕುಟುಂಬದ ಹತ್ತಿರವೇ ಹೋಗಿ, ಮರದ ಬುಡದಲ್ಲಿ ಜರ್ಕಿನ್ ಹಾಸಿ ಕೂತುಬಿಡಿ. ಹಾಡು ಮುಗಿದ ಮೇಲೂ ಎದ್ದು ಬರಬೇಡಿ, ಪ್ರವಾಸಿಗರ ಗುಂಪುಗಳೆಲ್ಲ ಹೋದ ಮೇಲೆ ಅವು ಒಂದೊಂದೇ ಕವಲು ಕೆಳಗೆ ಇಳಿಯುತ್ತವೆ. ನಮ್ಮ ಕೊನೆಯ ಬೆಳಿಗ್ಗೆ ತಾಯಿ ಇಂದ್ರಿ ತಲೆಯ ಮೇಲಿನ ಕೊಂಬೆ ಬಗ್ಗಿಸಿಕೊಂಡು ಚಿಗುರು ಮೇಯುತ್ತಿತ್ತು. ಅದರ ಬೆನ್ನಿಗೆ ಅಂಟಿದ್ದ ಮರಿ ಕೈ ಚಾಚಿ, ಅಮ್ಮನ ಬಾಯಿಯ ಹತ್ತಿರ ಬಂದಿದ್ದ ಎಲೆಯನ್ನೇ ಎಳೆದುಕೊಂಡು ಮೂಸಿ ನೋಡಿ ಬಿಟ್ಟುಬಿಟ್ಟಿತು. ಎಲೆ ತಿರುಗುತ್ತಾ ಬಂದು ಚಿಕ್ಕಪ್ಪನ ಟೋಪಿಯ ಮೇಲೆ ಬಿತ್ತು.